ಕ್ಯಾಪ್ಟನ್ ವೆಲ್ಬಿ ಔಟಾಗದ ಶನಿವಾರ

ಕ್ಯಾಪ್ಟನ್ ಆಂಬ್ರೋಸ್ ವೆಲ್ಬಿ ತೀರಿಕೊಂಡ ಸುದ್ದಿ ಮೊನ್ನೆ ನಮ್ಮೂರ ಪತ್ರಿಕೆಯಲ್ಲಿ ಬಂತು. ಲೆಕ್ಕ ಹಾಕಿ ಹನ್ನೆರಡು ಸಾಲು. ಸೆಬಾಸ್ಟೊಪೋಲಿನ ಮುತ್ತಿಗೆಯಲ್ಲಿ ಫಿರಂಗಿ ದಳದಲ್ಲಿದ್ದರಂತೆ, ಈ ನಾಡಿನ ಮೂಲನಿವಾಸಿ ಮಾವೊರಿಗಳ ಮೇಲಿನ ವೈಕಾಟೊ ಯುದ್ಧಕ್ಕೆ ಬಂದರಂತೆ, ಪ್ರಾಂತ್ಯದ ಪರವಾಗಿ ಮೂರು ಸಲ ಕ್ರಿಕೆಟ್ ಆಡಿದರಂತೆ, ಆಮೇಲೆ ‘ದೇಹಸ್ಥಿತಿ ಸರಿಯಿಲ್ಲದ ಕಾರಣ’ ಆಟ ಬಿಟ್ಟರಂತೆ. ಥೂ, ಬರೆದವನ ಕೈಗಿಷ್ಟು! ದೇಹಸ್ಥಿತಿಯಂತೆ! ಕುದುರೆ ಹತ್ತಿ ಇಪ್ಪತ್ತು ಮೈಲಿ ಹೋಗಿಬರುತ್ತಿದ್ದ ಮನುಷ್ಯ ಅವರು. ಆಟ ಯಾಕೆ ಬಿಟ್ಟರು ಎಂದು ಬಲ್ಲವನು ಈಗ ಭೂಮಿಯ ಮೇಲೆ ಉಳಿದಿರುವುದು ನಾನೊಬ್ಬನೇ. ನನಗೂ ಎಪ್ಪತ್ತಾಯಿತು. ಹೇಳಿಬಿಡುತ್ತೇನೆ.

ನಾನು ಜೊಸಯ್ಯ ಪೆನ್‌ಹೇಲ್. ಈ ಆಲ್ಡರ್‌ಫರ್ಡಿನಲ್ಲಿ ಕುದುರೆಗಳ ಜೀನು ಹೊಲಿಯುವವನು. ಕ್ರಿಕೆಟ್ ಚೆಂಡಿನ ಹೊಲಿಗೆ ಬಿಚ್ಚಿಕೊಂಡರೂ ನನ್ನ ಅಂಗಡಿಗೇ ಬರುತ್ತಿತ್ತು. ಚೆಂಡು ಹೊಲಿಯಬಲ್ಲವನು ಆಟವನ್ನೂ ಬಲ್ಲ ಎಂದು ಅದ್ಯಾವ ಪುಣ್ಯಾತ್ಮನಿಗೆ ತೋಚಿತೋ, ನನ್ನನ್ನು ಹಿಡಿದು ಅಂಪೈರ್ ಮಾಡಿದರು. ಹತ್ತೊಂಬತ್ತು ವರ್ಷ ನಿಂತೆ. ಬಿಸಿಲಿಗೆ ನಿಂತೆ, ಬೈಗುಳಕ್ಕೂ ನಿಂತೆ.

ಕ್ಯಾಪ್ಟನ್ ಸಾಹೇಬರು ನಮ್ಮೂರಿಗೆ ಬಂದದ್ದು ೧೮೬೬ರಲ್ಲಿ. ಸೈನ್ಯ ಬಿಟ್ಟು, ಉತ್ತರದ್ವೀಪ ಬಿಟ್ಟು, ಇಲ್ಲಿ ಕುರಿ ಸಾಕುತ್ತೇನೆಂದು ಬಂದರು. ಯುದ್ಧದ ಮಾತು ಯಾರಾದರೂ ತೆಗೆದರೆ ಟೋಪಿ ಎತ್ತಿಕೊಂಡು ಎದ್ದುಹೋಗುತ್ತಿದ್ದರು. ನನ್ನ ಹತ್ತಿರ ಒಮ್ಮೆ ಮಾತ್ರ, “ಆ ಮಾವೊರಿಗಳು ತಮ್ಮ ನೆಲ ಕಾಯ್ಕೊಂಡು ನಿಂತಿದ್ರು, ಪೆನ್‌ಹೇಲ್. ನಾವು ತೋಪು ತಿರುಗಿಸಿದ್ವಿ. ಇನ್ನು ಸಾಕು ಅನ್ನಿಸ್ತು” ಎಂದಿದ್ದರು. ಕುರಿ ಅವರ ಕೈ ಹಿಡಿಯಲಿಲ್ಲ. ಎರಡು ಚಳಿಗಾಲಕ್ಕೆ ಅರ್ಧ ಮಂದೆ ಸತ್ತಿತು. ಆಮೇಲೆ ಊರ ಸ್ವಯಂಸೇವಕ ಪಡೆಗೆ ಕವಾಯತು ಹೇಳಿಕೊಡುವ ಕೆಲಸ ಸಿಕ್ಕಿತು. ಮದುವೆಯಿಲ್ಲ, ಮಕ್ಕಳಿಲ್ಲ. ಶನಿವಾರ ಬಂದರೆ ಬಿಳಿ ಬಟ್ಟೆ ಹಾಕಿಕೊಂಡು ಮೈದಾನಕ್ಕೆ ಬಂದುಬಿಡುತ್ತಿದ್ದರು. ಬ್ಯಾಟು ಹಿಡಿದು ನಿಂತರೆ ಕಣ್ಣು ತುಂಬುತ್ತಿತ್ತು ಸ್ವಾಮಿ, ಅಷ್ಟು ಚೆಂದ.

ಮೊದಲ ವರ್ಷವೇ ಒಂದು ಸಂಗತಿ ನಡೆಯಿತು. ಚೆಂಡು ಅವರ ಬ್ಯಾಟಿನ ಅಂಚಿಗೆ ತಾಗಿತೋ ಇಲ್ಲವೋ, ಕೀಪರ್ ಹಿಡಿದು ಕೂಗಿದ. ನನಗೆ ಕೇಳಿಸಿರಲಿಲ್ಲ. “ಔಟ್ ಅಲ್ಲ” ಎಂದೆ. ಕ್ಯಾಪ್ಟನ್ ಬ್ಯಾಟು ಕಂಕುಳಲ್ಲಿಟ್ಟುಕೊಂಡು, “ತಾಗಿತು, ಪೆನ್‌ಹೇಲ್” ಎಂದವರೇ ಹೊರಟುಬಿಟ್ಟರು! ನಾನು ಬಾಯಿ ಬಿಟ್ಟುಕೊಂಡು ನಿಂತೆ. ಅಂದಿನಿಂದ ನಮ್ಮ ಕಡೆ ಒಂದು ರೂಢಿ ಬಿತ್ತು. ಕ್ಯಾಪ್ಟನ್ ವೆಲ್ಬಿ ಆಡುವಾಗ ಯಾರೂ ಅಂಪೈರನ್ನು ಕೇಳುವುದಿಲ್ಲ. ಔಟಾದರೆ ಅವರೇ ಹೋಗುತ್ತಾರೆ, ಹೋಗದಿದ್ದರೆ ಔಟಾಗಿಲ್ಲ. ಬೇರೆ ಊರಿನವರು ಬಂದರೂ ನಮ್ಮ ಹುಡುಗರು ಮೊದಲೇ ಹೇಳಿಬಿಡುತ್ತಿದ್ದರು: “ಅವರನ್ನ ಮಾತ್ರ ಕೇಳಬೇಡ್ರಪ್ಪಾ. ಪಾದ್ರಿಗಳ ಹತ್ರ ಹೋಗಿ ನೀವು ದೇವರನ್ನ ನಂಬ್ತೀರಾ ಅಂತ ಕೇಳಿದ ಹಾಗಾಗುತ್ತೆ.” ಕೀಪರನ ಕಿವಿಗೆ ತಾಗಿದಂತೆ ಕೇಳಿಸಿದರೂ ಕ್ಯಾಪ್ಟನ್ ನಿಂತೇ ಇದ್ದರೆ ತನ್ನ ಕಿವಿಯೇ ತಪ್ಪು ಎಂದುಕೊಳ್ಳುತ್ತಿದ್ದ. ಅಂಥ ನಂಬಿಕೆ. ಇನ್ನು ಅಂಪೈರನ ಕಾನೂನು ಎಲ್ಲರಿಗೂ ಗೊತ್ತು: ಕೇಳದೆ ಔಟು ಕೊಡುವ ಹಾಗಿಲ್ಲ. ಕೇಳಿದರೆ ಹೇಳಬೇಕು, ಕೇಳದಿದ್ದರೆ ಕಂಬದ ಹಾಗೆ ನಿಂತಿರಬೇಕು.

ಒಂದು ದಿನ ಅವರು ನನ್ನ ಅಂಗಡಿಗೆ ಬಂದು ಮಾತಾಡುತ್ತಾ ಮೇಜಿನ ಮೇಲೆ ಕೈ ಊರಿದರು. ಆ ಜಾಗದಲ್ಲಿ ನಾನು ತೊಗಲಿಗೆ ಗೆರೆ ಹಾಕುವ ಕಾದ ಕಬ್ಬಿಣ ಇಟ್ಟಿದ್ದೆ. ಅವರು ಮಾತಾಡುತ್ತಲೇ ಇದ್ದಾರೆ. ನನ್ನ ಮೂಗಿಗೆ ಸುಟ್ಟ ಚರ್ಮದ ವಾಸನೆ ಬಡಿಯಿತು. “ಅಯ್ಯೋ ಸಾಹೇಬ್ರೆ, ಕೈ! ಕೈ!” ಎಂದು ಕಿರುಚಿಕೊಂಡೆ. ಅವರು ಕೈಯೆತ್ತಿ, ಬೇರೆ ಯಾರದೋ ಕೈ ನೋಡಿದಂತೆ ನೋಡಿದರು.

“ಸೆಬಾಸ್ಟೊಪೋಲಿನ ಚಳಿ ಕಣಯ್ಯಾ. ಬೆರಳು ಆಗಲೇ ಸತ್ತವು. ಹಿಡಿಯೋಕೆ ಬರುತ್ತೆ, ಗೊತ್ತಾಗಲ್ಲ.”

“ಮತ್ತೆ ಚೆಂಡು ಬ್ಯಾಟಿಗೆ ತಾಗಿದ್ದು ಹೇಗೆ ಗೊತ್ತಾಗುತ್ತೆ ನಿಮಗೆ?”

“ಕಿವಿ ಇದೆಯಲ್ಲ” ಎಂದು ನಕ್ಕರು.

ಆ ನಗು ನನ್ನ ಎದೆಯಲ್ಲಿ ಚುಚ್ಚಿಕೊಂಡದ್ದು ಇನ್ನೂ ಎಷ್ಟೋ ವರ್ಷಗಳ ಮೇಲೆ. ೧೮೭೬ರ ವಸಂತದಲ್ಲಿ ಇಬ್ಬರೂ ಹೊಳೆದಂಡೆಯ ಮೇಲೆ ಬರುತ್ತಿದ್ದೆವು. “ಈ ಗಂಟೆಹಕ್ಕಿಗಳೆಲ್ಲ ಎಲ್ಲಿ ಹೋದವೋ, ಪೆನ್‌ಹೇಲ್. ಕಾಡು ಕಡಿದು ಕಡಿದು ಓಡಿಸಿಬಿಟ್ವಿ. ಎರಡು ವರ್ಷ ಆಯ್ತು, ಒಂದೂ ಕೂಗಲ್ಲ” ಎಂದರು. ದೇವರೇ! ಅವರ ತಲೆಯ ಮೇಲಿನ ಕೊಂಬೆಯಲ್ಲೇ ಒಂದು ಹಕ್ಕಿ ಗಂಟಲು ಹರಿಯುವ ಹಾಗೆ ಕೂಗುತ್ತಿತ್ತು.  ಫಿರಂಗಿಯ ಪಕ್ಕದಲ್ಲಿ ಹತ್ತು ವರ್ಷ ನಿಂತ ಕಿವಿ. ಮಾತು ಕೇಳುತ್ತಿತ್ತು, ಗುಡುಗು ಕೇಳುತ್ತಿತ್ತು, ಗಂಡಸರ ದಪ್ಪ ದನಿ ಎಷ್ಟು ದೂರದಿಂದಾದರೂ ಕೇಳುತ್ತಿತ್ತು. ತೆಳ್ಳನೆಯ ಸಣ್ಣ ಸದ್ದು ಮಾತ್ರ ಸತ್ತುಹೋಗಿತ್ತು, ಅವರಿಗೇ ತಿಳಿಯದ ಹಾಗೆ. ನಾನು ಹೇಳಲಿಲ್ಲ. ಕಿವುಡನನ್ನು ಕವಾಯತಿಗೆ ಯಾರು ಇಟ್ಟುಕೊಳ್ಳುತ್ತಾರೆ? “ಹೌದು ಸಾಹೇಬ್ರೆ, ಪಾಪದ ಹಕ್ಕಿಗಳು” ಎಂದುಬಿಟ್ಟೆ.

ಈಗ ಜೆಮ್‌ನ ವಿಷಯ, ಆ ವಸಂತದ ಮುಂದಿನ ಬೇಸಿಗೆಯದು. ಜೆಮ್ ಟ್ರೆಗೊ ನನ್ನ ತಂಗಿ ಲವ್‌ಡೇಯ ಗಂಡ, ಕುರಿ ಉಣ್ಣೆ ಕತ್ತರಿಸುವವನು. ಕೆಟ್ಟವನಲ್ಲ, ಆದರೆ ಬಾಯಿಗೆ ಬೀಗವಿಲ್ಲ. ಚಾಪೆಲಿನಲ್ಲಿ ಅವನು ಹಾಡಿದರೆ ಕಿಟಕಿಯ ಗಾಜು ನಡುಗುತ್ತಿತ್ತು, ಅಂಥ ಗಂಟಲು. ಗ್ರಿಮ್‌ಸ್ಟನ್ ಎಂಬ ಜಮೀನುದಾರ ಇವನ ನಾಯಿ ಕುರಿ ಕಚ್ಚಿತೆಂದು ಅದಕ್ಕೆ ಗುಂಡು ಹೊಡೆದ. ಜೆಮ್ ತುಂಬಿದ ಹೋಟೆಲಿನಲ್ಲಿ ಎದ್ದುನಿಂತು, “ನಿನ್ನ ವಂಶ ಹಾಳಾಗ, ನಿನ್ನ ಬಣವೆಗೆ ಬೆಂಕಿ ಬೀಳ!” ಎಂದು ಶಪಿಸಿದ. ಮೂರನೇ ವಾರ ಗ್ರಿಮ್‌ಸ್ಟನ್‌ನ ಓಟ್ಸ್ ಬಣವೆ ನಾಲ್ಕೂ ಸುಟ್ಟು ಬೂದಿಯಾಯಿತು! ಸಂಜೆ ಆರೂವರೆಗೆ ಬೆಂಕಿ ಬಿತ್ತು, ಮರುದಿನ ಬೆಳಗ್ಗೆ ಜೆಮ್‌ನ ಕೈಗೆ ಕೋಳ ಬಿತ್ತು.

ಆ ಹೊತ್ತಿಗೆ ಜೆಮ್ ಆರು ಮೈಲಿ ದೂರದಲ್ಲಿ, ಹೊಳೆ ದಾಟುವ ಜಾಗದಲ್ಲಿ ಹಾಡಿಕೊಳ್ಳುತ್ತಾ ಇದ್ದ. ಕಂಡವರು ಯಾರೂ ಇಲ್ಲ, ಕಡಲ ಮಂಜು ಕವಿದು ಒಂದು ಮಾರು ಆಚೆ ಏನೂ ಕಾಣುತ್ತಿರಲಿಲ್ಲ. ಆದರೆ ಆಚೆ ದಡದಲ್ಲಿ ಕುದುರೆಯ ಮೇಲೆ ಕ್ಯಾಪ್ಟನ್ ವೆಲ್ಬಿ ಇದ್ದರು. ಜೆಮ್‌ನ ಹಾಡು ಕೇಳಿ, “ಯಾರು, ಜೆಮ್ಮಾ?” ಎಂದಿದ್ದರು. ಇವನು “ಹೌದು ಸಾಹೇಬ್ರೆ, ಹೊಳೆ ಇಳಿದಿದೆ, ಬನ್ನಿ” ಎಂದಿದ್ದ. ಅಷ್ಟೇ ಮಾತು. ಆ ಒಂದು ಮಾತಿನ ಮೇಲೆ ಜೆಮ್‌ನ ಏಳು ವರ್ಷದ ಕಠಿಣ ಸಜೆ ತೂಗುತ್ತಿತ್ತು. ವಿಚಾರಣೆ ಗುರುವಾರವೆಂದು ಗೊತ್ತಾಯಿತು. “ಕ್ಯಾಪ್ಟನ್ ಸಾಹೇಬ್ರು ಹೇಳಿದ್ರೆ ಸಾಕಲ್ವಾ ಅಣ್ಣಾ? ಅವರ ಮಾತನ್ನ ಈ ಜಿಲ್ಲೆಯಲ್ಲಿ ತೆಗೆದುಹಾಕೋ ಗಂಡು ಇದಾನಾ?” ಎಂದಳು ಲವ್‌ಡೇ. “ಇಲ್ಲ ಕಣೇ, ನಿಶ್ಚಿಂತೆಯಿಂದಿರು” ಎಂದೆ. ನಿಜವಾಗಿ ಹಾಗೇ ನಂಬಿದ್ದೆ.

ಅದರ ಹಿಂದಿನ ಶನಿವಾರ ಪೋರ್ಟ್ ಮಾರ್ಲಿಯವರ ಮೇಲೆ ಆಟ. ಅವರ ಕೀಪರ್ ಎಡ್ಮಂಡ್ ತರ್ಲೋ. ಇವನೇ ಜೆಮ್‌ನ ಮೇಲೆ ವಾದಿಸಬೇಕಾದ ಸರ್ಕಾರಿ ವಕೀಲ. ಒಳ್ಳೆಯ ಕೀಪರ್, ಆ ಮಾತು ಬೇರೆ.

ನಮಗೆ ಇಪ್ಪತ್ತೆರಡು ರನ್ ಬೇಕು, ಕೊನೆಯ ಜೋಡಿ. ಕ್ಯಾಪ್ಟನ್ ಆಡುತ್ತಿದ್ದಾರೆ. ಚೆಂಡು ಬಂತು, ಬ್ಯಾಟು ಬೀಸಿದರು, ‘ಟಕ್’ ಎಂದು ಒಣಕಡ್ಡಿ ಮುರಿದ ಸದ್ದು. ನನಗೆ ಕೇಳಿತು, ತರ್ಲೋಗೆ ಕೇಳಿತು, ಬೇಲಿಯ ಮೇಲೆ ಕೂತ ಕಟುಕ ಬಾಗ್‌ಶಾನಿಗೂ ಕೇಳಿತು. ತರ್ಲೋ ಚೆಂಡು ಹಿಡಿದು, ರೂಢಿಯಂತೆ ಕೂಗದೆ, ಕ್ಯಾಪ್ಟನ್ ಹೊರಡುವರೆಂದು ಕೈಗವಸು ತೆಗೆಯತೊಡಗಿದ. ಬೌಲರ್ ಹುಲ್ಲಿನ ಮೇಲೆ ಕೂತೇಬಿಟ್ಟ.

ಕ್ಯಾಪ್ಟನ್ ಹೊರಡಲಿಲ್ಲ.

ಬ್ಯಾಟನ್ನು ಎರಡು ಸಲ ನೆಲಕ್ಕೆ ತಟ್ಟಿದರು, ಮುಂದಿನ ಚೆಂಡಿಗೆ ಸಿದ್ಧವಾಗಿ ನಿಂತರು.  ಹನ್ನೊಂದು ಜನ ಕಣ್ಣು ಕಣ್ಣು ಬಿಟ್ಟುಕೊಂಡು ನಿಂತಿದ್ದಾರೆ, ಒಬ್ಬನಾದರೂ ‘ಔಟಾ?’ ಎಂದು ಕೇಳಬೇಡವೇ? ಕೇಳಲಿಲ್ಲ! ತರ್ಲೋ ಬಾಯಿ ತೆರೆದವನು ಹಾಗೇ ಮುಚ್ಚಿಕೊಂಡ. ಹನ್ನೊಂದು ವರ್ಷ ಕೇಳದ ಬಾಯಿಗಳಿಗೆ ಆ ಮಾತು ಬರಲೇ ಇಲ್ಲ. ಕೇಳದೆ ನಾನೂ ಹೇಳುವ ಹಾಗಿಲ್ಲ. “ಏನ್ರಪ್ಪಾ, ಆಡೋದಿಲ್ವಾ?” ಎಂದರು ಕ್ಯಾಪ್ಟನ್ ನಗುತ್ತಾ. ಬೌಲರ್ ಎದ್ದ. ಇಪ್ಪತ್ತೆರಡು ರನ್ನನ್ನೂ ಕ್ಯಾಪ್ಟನ್ನೇ ಹೊಡೆದರು. ಗೆದ್ದೆವು. ಒಂದು ಚಪ್ಪಾಳೆ ಇಲ್ಲ.

ಚಹಾದ ಡೇರೆಗೆ ಅವರು ಬಂದಾಗ ನಮ್ಮವರೇ ಬೆನ್ನು ತಿರುಗಿಸಿದರು. ಬಾಗ್‌ಶಾ ತಾನು ತಿನ್ನುತ್ತಿದ್ದ ಮಟನ್ ಪೈ ತಟ್ಟೆಯಲ್ಲಿಟ್ಟು ಹೊರಗೆ ಹೋದ. ಕ್ಯಾಪ್ಟನ್ ನನ್ನ ಹತ್ತಿರ ಬಂದು, “ಏನಯ್ಯಾ, ಯಾರಾದ್ರೂ ಹೋಗಿಬಿಟ್ರಾ ಊರಲ್ಲಿ? ಎಲ್ಲರ ಮುಖ ಹೀಗಿದೆ” ಎಂದರು.

“ಏನಿಲ್ಲ ಸಾಹೇಬ್ರೆ. ಸೆಕೆ.”

ಹೇಳಬೇಕಿತ್ತು, ಗೊತ್ತು. ಆದರೆ ಹೇಳಿದರೆ ಆ ಮನುಷ್ಯ ಸುಮ್ಮನಿರುವವರಲ್ಲ. ಡೇರೆಯ ಮಧ್ಯೆ ನಿಂತು, ‘ನನ್ನ ಕೈಗೂ ತಿಳಿಯಲ್ಲ, ಕಿವಿಗೂ ಕೇಳಲ್ಲ, ಕ್ಷಮಿಸಿ’ ಎಂದು ಸಾರಿಬಿಡುತ್ತಾರೆ. ಆಮೇಲೆ ಮಂಜಿನಲ್ಲಿ ದನಿ ಕೇಳಿದ ಸಾಕ್ಷಿಗೆ ಬೆಲೆ ಏನು? ಕಿವುಡನ ಕಿವಿಸಾಕ್ಷಿ! ಹೇಳದಿದ್ದರೆ? ಹೇಳದಿದ್ದರೆ ಸುಳ್ಳುಗಾರನ ಸಾಕ್ಷಿ. ಹೀಗೆ ಹೋದರೂ ಜೆಮ್ ಜೈಲಿಗೆ, ಹಾಗೆ ಹೋದರೂ ಜೈಲಿಗೆ. ನನಗೆ ತಲೆ ಕೆಟ್ಟುಹೋಯಿತು.

ಭಾನುವಾರ ಚಾಪೆಲಿನಿಂದ ಲವ್‌ಡೇ ನೇರ ನನ್ನ ಮನೆಗೆ ಓಡಿಬಂದಳು. ತುಟಿ ಬಿಳಿಚಿಕೊಂಡಿತ್ತು. “ಬಾಗ್‌ಶಾ ಹೆಂಡತಿ ನನ್ನ ಮುಖದ ಮೇಲೇ ಅಂದ್ಲು ಅಣ್ಣಾ. ‘ಆಟಕ್ಕೇ ಸುಳ್ಳಾಡೋ ಮನುಷ್ಯ ಕೋರ್ಟಲ್ಲಿ ನಿಜ ಹೇಳ್ತಾನಾ? ನಿನ್ನ ಗಂಡನಿಗೆ ಹೊದಿಯೋಕೆ ಕಂಬಳಿ ಕಳಿಸು’ ಅಂದ್ಲು. ಅವಳ ಗಂಡ ಜ್ಯೂರಿಯಲ್ಲಿದಾನೆ! ನೀನು ಅಲ್ಲೇ ನಿಂತಿದ್ಯಲ್ಲ, ಚೆಂಡು ತಾಗಿತಾ ಇಲ್ವಾ? ಹೇಳು!”

“ಯಾರೂ ನನ್ನ ಕೇಳಲಿಲ್ಲ” ಎಂದೆ.

“ನಾನು ಕೇಳ್ತಿದೀನಿ!”

ನಾನು ಎದ್ದು ಒಲೆಗೆ ಸೌದೆ ಒಡ್ಡಿದೆ. ತಂಗಿ ನನ್ನನ್ನು ನೋಡಿದ ನೋಟ ಇವತ್ತಿಗೂ ಮರೆತಿಲ್ಲ.

ಗುರುವಾರ ಕೋರ್ಟಿನಲ್ಲಿ ಕಾಲಿಡಲು ಜಾಗವಿರಲಿಲ್ಲ. ಕ್ಯಾಪ್ಟನ್ ಕಟಕಟೆ ಹತ್ತಿ, ಮಂಜು, ಹಾಡು, ಹೊಳೆಯ ಮಾತು, ಎಲ್ಲವನ್ನೂ ಇದ್ದದ್ದು ಇದ್ದ ಹಾಗೆ ಹೇಳಿದರು. ತರ್ಲೋ ಎದ್ದ. ಅವನು ಹೊಳೆಯ ಬಗ್ಗೆ ಒಂದು ಪ್ರಶ್ನೆಯನ್ನೂ ಕೇಳಲಿಲ್ಲ.

“ಕ್ಯಾಪ್ಟನ್ ವೆಲ್ಬಿ, ಕಳೆದ ಶನಿವಾರ ನೀವು ಎಪ್ಪತ್ತು ರನ್ನಲ್ಲಿದ್ದಾಗ ಚೆಂಡು ನಿಮ್ಮ ಬ್ಯಾಟಿಗೆ ತಾಗಿ ನನ್ನ ಕೈಗೆ ಬಂತೋ ಇಲ್ವೋ?”

ಜಡ್ಜರು ಹುಬ್ಬು ಗಂಟಿಕ್ಕಿದರು. “ಇಲ್ಲಿ ಆಟದ ಮಾತೇಕೆ?”

“ಸಾಕ್ಷಿಯ ಮಾತು ನಂಬಬಹುದೋ ಇಲ್ಲವೋ ಅಂತ ಜ್ಯೂರಿಗೆ ಗೊತ್ತಾಗಬೇಕು, ಸ್ವಾಮಿ. ಇವರಲ್ಲಿ ಏಳು ಜನ ಅವತ್ತು ಮೈದಾನದಲ್ಲೇ ಇದ್ದರು.”

ಕ್ಯಾಪ್ಟನ್ ಬೆರಗಾಗಿ ಅವನನ್ನು ನೋಡಿದರು. “ಇಲ್ಲ. ತಾಗಿದ್ರೆ ನಾನು ಅಲ್ಲಿ ಯಾಕೆ ನಿಲ್ತಿದ್ದೆ?”

ಕೋರ್ಟಿನ ತುಂಬ ಒಂದು ಗೊಣಗು ಎದ್ದಿತು. ಯಾರೋ ಹಿಂದಿನಿಂದ “ನಾಚಿಕೆ!” ಎಂದ. ಬಾಗ್‌ಶಾ ಮುಖ ಗೋಡೆಗೆ ತಿರುಗಿಸಿದ. ಲವ್‌ಡೇಯ ಉಗುರು ನನ್ನ ತೋಳಿಗೆ ಇಳಿಯಿತು. ಆ ಮೇಲೆ ಏನಾಯಿತೋ ನನಗೆ ತಿಳಿಯದು. ಯೋಚಿಸಿ ಮಾಡಿದ್ದಲ್ಲ, ಸಿಟ್ಟು ನೆತ್ತಿಗೇರಿತು ಅಷ್ಟೇ. ಎದ್ದುನಿಂತು ಬಿಟ್ಟಿದ್ದೆ.

“ತಾಗಿತ್ತು! ಆದ್ರೆ ಅವರಿಗೆ ಗೊತ್ತಿಲ್ಲ!”

ಜಡ್ಜರು ಮೇಜು ಕುಟ್ಟಿದರು. ಹೊರಗೆ ಹಾಕಿಸುತ್ತಾರೆ ಎಂದುಕೊಂಡೆ, ಆದರೆ ಕರೆದು ಪ್ರಮಾಣ ಮಾಡಿಸಿದರು. ನಾನು ಹೇಳಿದೆ. ಸತ್ತ ಬೆರಳು, ಕಾದ ಕಬ್ಬಿಣ, ತಲೆಯ ಮೇಲೆ ಕೂಗಿದ ಹಕ್ಕಿ. ಹೇಳುತ್ತಾ ಹೋದಂತೆ ಕ್ಯಾಪ್ಟನ್ನರ ಮುಖ ಬಣ್ಣ ಕಳೆದುಕೊಂಡಿತು. “ಹಕ್ಕಿ ಇತ್ತಾ?” ಎಂದರು, ಮೆಲ್ಲಗೆ. “ಇತ್ತು ಸಾಹೇಬ್ರೆ. ಈಗಲೂ ಇವೆ.” ಅವರು ಕಟಕಟೆಯ ಕಂಬ ಹಿಡಿದುಕೊಂಡರು.

ತರ್ಲೋ ಕುಣಿಯುವುದೊಂದು ಬಾಕಿ. “ಹಾಗಾದ್ರೆ ಸ್ವಾಮಿ, ಕಿವುಡರೊಬ್ಬರು ಮಂಜಿನಲ್ಲಿ ಹೊಳೆಯ ಆಚೆಯಿಂದ ಒಂದು ದನಿ ಗುರುತಿಸಿದರು ಅಂತ ನಾವು ನಂಬಬೇಕು!” ಜನ ನಕ್ಕರು. ಲವ್‌ಡೇ ಮುಖ ಮುಚ್ಚಿಕೊಂಡಳು. ನಾನೇ ನನ್ನ ಕೈಯಾರೆ ತಂಗಿಯ ಗಂಡನನ್ನು ಮುಳುಗಿಸಿದ್ದೆ.

“ನಗಬೇಡಿ” ಎಂದರು ಜಡ್ಜರು. “ನೋಡೇಬಿಡೋಣ. ಕ್ಯಾಪ್ಟನ್, ಗೋಡೆಯ ಕಡೆ ತಿರುಗಿ ನಿಲ್ಲಿ. ಐದು ಜನ ಆ ಬಾಗಿಲ ಹತ್ತಿರ ನಿಂತು ‘ಹೊಳೆ ಇಳಿದಿದೆ’ ಅಂತ ಹೇಳಲಿ. ಕೈದಿಯೂ ಅವರಲ್ಲೊಬ್ಬ.”

ಮೊದಲನೆಯವನು ಹೇಳಿದ. “ಅಲ್ಲ” ಎಂದರು ಕ್ಯಾಪ್ಟನ್. ಎರಡನೆಯವನು, “ಅಲ್ಲ.” ಮೂರನೆಯವನು ಬೇಕೆಂದೇ ಜೆಮ್‌ನ ಹಾಗೆ ದಪ್ಪ ದನಿ ತೆಗೆದ. ಕ್ಯಾಪ್ಟನ್ ಒಂದು ಗಳಿಗೆ ತಡೆದು, “ಅಲ್ಲ” ಎಂದರು. ನಾಲ್ಕನೆಯವನು ಜೆಮ್. ಮೂರು ವಾರ ಜೈಲಿನಲ್ಲಿದ್ದವನು, ಬಾಯಿ ಒಣಗಿತ್ತು. ಆ ಗಾಜು ನಡುಗಿಸುವ ಗಂಟಲಿನಿಂದ ಒಡಕು ದನಿಯೊಂದು ಹೊರಟು ಅರ್ಧಕ್ಕೇ ಸಿಕ್ಕಿಕೊಂಡಿತು. ನನಗೇ ಗುರುತು ಸಿಗುತ್ತಿರಲಿಲ್ಲ!  ಕ್ಯಾಪ್ಟನ್ ಗೋಡೆಗೆ ಹಣೆ ತಾಗುವಷ್ಟು ಬಗ್ಗಿ ನಿಂತಿದ್ದರು. 

“ಇವನೇ” ಎಂದರು. “ಹೆದರಿದಾನೆ ಪಾಪ. ಆದ್ರೆ ಇವನೇ.”

ಜ್ಯೂರಿಯವರು ಎದ್ದು ಒಳಗೆ ಹೋಗುವ ಗೋಜಿಗೂ ಹೋಗಲಿಲ್ಲ. ತಲೆ ತಲೆ ಕೂಡಿಸಿ ಅಲ್ಲೇ ಜೆಮ್‌ನನ್ನು ಬಿಟ್ಟರು. ಬಾಗ್‌ಶಾ ಬಂದು ಎಲ್ಲರೆದುರು ಕ್ಯಾಪ್ಟನ್ನರ ಕೈ ಹಿಡಿದು, “ನಮ್ಮದು ತಪ್ಪಾಯ್ತು ಸಾಹೇಬ್ರೆ” ಎಂದ. ತರ್ಲೋ ಕೂಡ ತಲೆ ಬಾಗಿಸಿದ. ನನ್ನ ಬೆನ್ನು ತಟ್ಟಿದವರೆಷ್ಟು ಜನ! ನಾನು ಉಬ್ಬಿಹೋಗಿದ್ದೆ.

ಹೊರಗೆ ಮೆಟ್ಟಿಲಿಳಿದು ಕ್ಯಾಪ್ಟನ್ ಒಬ್ಬರೇ ಹೊರಟರು. ಲವ್‌ಡೇ ಹಿಂದೆಯೇ ಓಡುತ್ತಾ “ಸಾಹೇಬ್ರೆ! ಸಾಹೇಬ್ರೆ!” ಎಂದು ಕೂಗಿದಳು. ಅವಳದು ಸಣ್ಣ ದನಿ. ಅವರು ತಿರುಗಲಿಲ್ಲ. ಜನರೆಲ್ಲ ನೋಡುತ್ತಿದ್ದರು. ನಾನು ಓಡಿಹೋಗಿ ಅವರ ತೋಳು ಮುಟ್ಟಿದೆ. ತಿರುಗಿ, ಅಳುತ್ತಾ ನಿಂತ ಹೆಣ್ಣುಮಗಳನ್ನು ಕಂಡು, ಎಷ್ಟು ಹೊತ್ತಿನಿಂದ ಕೂಗುತ್ತಿದ್ದಳೆಂದು ಅರ್ಥಮಾಡಿಕೊಂಡರು. ಟೋಪಿ ತೆಗೆದು ಬಗ್ಗಿದರು. ಅವಳು ಕಣ್ಣೊರೆಸಿಕೊಂಡು ಗಂಡನ ಹತ್ತಿರ ಹೋದಳು. ನಾವಿಬ್ಬರೇ ಉಳಿದೆವು.

“ಎಷ್ಟು ಸಲ, ಪೆನ್‌ಹೇಲ್?”

“ಏನು ಸಾಹೇಬ್ರೆ?”

“ಶನಿವಾರ ಒಂದೇ ಸಲವಾ? ಎರಡು ವರ್ಷದಿಂದ ಹಕ್ಕಿ ಕೇಳ್ತಿಲ್ಲ ನನಗೆ. ಎರಡು ವರ್ಷದಿಂದ ಎಷ್ಟು ಸಲ ಔಟಾಗಿ ನಿಂತಿದೀನಿ?”

ನಿಮಗೂ ಇಲ್ಲಿಯವರೆಗೆ ನಾನು ಇದನ್ನು ಹೇಳಲಿಲ್ಲ. ಐದು ಸಲ. ಶನಿವಾರದ್ದು ಐದನೆಯದು. ಉಳಿದ ನಾಲ್ಕು ಬಲು ಸಣ್ಣ ಸದ್ದು, ನನ್ನೊಬ್ಬನಿಗೆ ಕೇಳಿದಂಥವು. ಅದರಲ್ಲಿ ಒಂದು ಪ್ರಾಂತ್ಯದ ಆಟ, ಅವರು ನೂರು ಹೊಡೆದದ್ದು. ಒಂದೇ ಸಲ ಎಂದು ಸುಳ್ಳು ಹೇಳಿಬಿಡೋಣವೆಂದುಕೊಂಡೆ. ಆ ಕಣ್ಣಿನ ಮುಂದೆ ಆಗಲಿಲ್ಲ.

“ಐದು.”

 ಕವಾಯತಿನ ಕೆಲಸ ಇನ್ನು ಹೋಯಿತೆಂದು ಅವರಿಗೆ ಗೊತ್ತಿತ್ತು, ಅದಕ್ಕೆ ಅವರು ಕಣ್ಣು ಮಿಟುಕಿಸಿರಲಿಲ್ಲ. ಈ ಐದಕ್ಕೆ ಅವರ ಗಲ್ಲ ನಡುಗಿತು.

“ನನ್ನ ತಪ್ಪಲ್ಲ ಸಾಹೇಬ್ರೆ” ಎಂದು ಬಡಬಡಿಸಿದೆ. “ಯಾರೂ ಕೇಳಲಿಲ್ಲ. ಕೇಳದೆ ನಾನು ಹೇಳೋ ಹಾಗಿಲ್ಲ. ಕಾನೂನು ನಿಮಗೂ ಗೊತ್ತಲ್ಲ.”

“ಯಾರೂ ಕೇಳಲಿಲ್ವಾ? ನನ್ನ ಕೈ ಸತ್ತಿದೆ ಅಂತ ನನಗೆ ಗೊತ್ತಿಲ್ವೇನಯ್ಯಾ? ಕಿವಿಗೆ ಕೇಳದಿದ್ರೂ ಅನುಮಾನ ಇರ್ತಿತ್ತು. ಅದಕ್ಕೇ ಚೆಂಡು ಹೋದ ಮೇಲೆ ಪ್ರತಿ ಸಲ ನಿನ್ನ ಮುಖ ನೋಡ್ತಿದ್ದೆ. ನಾನು ಕೇಳ್ತಿದ್ದೆ, ಪೆನ್‌ಹೇಲ್. ಹನ್ನೊಂದು ವರ್ಷ ನಿನ್ನೊಬ್ಬನನ್ನೇ ಕೇಳ್ತಿದ್ದೆ.”

ಅವರು ಟೋಪಿ ಹಾಕಿಕೊಂಡು ಹೊರಟುಹೋದರು. ಮತ್ತೆ ಮೈದಾನಕ್ಕೆ ಕಾಲಿಡಲಿಲ್ಲ, ನನ್ನ ಅಂಗಡಿಗೂ ಬರಲಿಲ್ಲ. ಹದಿಮೂರು ವರ್ಷ ಒಂದೇ ಊರಲ್ಲಿದ್ದು, ಎದುರಾದರೆ ಟೋಪಿ ಮುಟ್ಟುತ್ತಿದ್ದರು, ಅಷ್ಟೇ.

ಅವರು ಹೇಳಿದ್ದು ನಿಜ. ನೋಡುತ್ತಿದ್ದರು. ಐದು ಸಲವೂ ನೋಡಿದರು. ಐದು ಸಲವೂ ನಾನು ಗುಡ್ಡದ ಕಡೆ ಮುಖ ತಿರುಗಿಸಿದೆ.